ಸೀಮೆ ಎಂದರೆ ಜಿಲ್ಲೆಯಲ್ಲ

ಆಹ್ವಾನಪತ್ರಿಕೆಗಳಲ್ಲಿ, ಸ್ಮರಣ ಸಂಚಿಕೆಗಳಲ್ಲಿ ‘ಮಂಡ್ಯ ಸೀಮೆ, ಅಂದರೆ ಮಂಡ್ಯ ಜಿಲ್ಲೆ’ ಎಂಬ ವಿವರಣೆ ಮತ್ತೆ ಮತ್ತೆ ಕಾಣುತ್ತಿರುವುದರಿಂದ ಈ ಪದವನ್ನು ಬಿಡಿಸಿ ನೋಡುವ ಅಗತ್ಯವಿದೆ.

ಸಂಸ್ಕೃತದ ‘ಸೀಮಾ’ ಎಂದರೆ ಎಲ್ಲೆ, ಎರಡನ್ನು ಬೇರ್ಪಡಿಸುವ ಗೆರೆ. ಬೈತಲೆಗೆ ‘ಸೀಮಂತ’ ಎಂಬ ಹೆಸರು ಬಂದದ್ದು ಅಲ್ಲಿಂದಲೇ. ವಿಜಯದಶಮಿಯಂದು ಊರೆಲ್ಲೆ ದಾಟಿ ಬನ್ನಿಯನ್ನು ಪೂಜಿಸುವ ‘ಸೀಮೋಲ್ಲಂಘನ’ದಲ್ಲಿ ಈ ಮೂಲಾರ್ಥ ಉಳಿದಿದ್ದು, ಮೈಸೂರಿನ ಜಂಬೂಸವಾರಿ ಬನ್ನಿಮಂಟಪದತ್ತ ಸಾಗುವುದಕ್ಕೂ ಅದೇ ಹಿನ್ನೆಲೆಯಿದೆ. ಆದರೆ ಕನ್ನಡದ ಆಡುಮಾತಿಗೆ ಇಳಿದ ಮೇಲೆ ಪದವು ಗೆರೆಯ ಮೇಲೆಯೇ ನಿಂತಿರಲಿಲ್ಲ. ‘ನಮ್ಮ ಸೀಮೆ’ ಎಂದಾಗ ಅದು ಗೆರೆಯೊಳಗಿನ ನೆಲವಾಯಿತು. ಸೀಮೆಎಣ್ಣೆ, ಸೀಮೆಸುಣ್ಣ, ಸೀಮೆಹಸು, ಸೀಮೆಬದನೆಗಳಲ್ಲಿ ಗೆರೆಯಾಚೆಯ ಪರದೇಶವಾಯಿತು. ‘ಸೀಮೆಗಿಲ್ಲದ ಹಟ’ ಎಂದು ಗದರುವಾಗಲಂತೂ ಅದು ಗದರುವವರು ಕಂಡು ಕೇಳಿದ ಲೋಕವಷ್ಟೂ ಹೌದು.

ಜಿಲ್ಲೆಯನ್ನು ಸರ್ಕಾರ ರಚಿಸುತ್ತದೆ: ಮಂಡ್ಯವು ಮೈಸೂರು ಜಿಲ್ಲೆಯಿಂದ ಬೇರೆಯಾದದ್ದು 1939ರಲ್ಲಿ. ಸೀಮೆಯನ್ನು ರೂಪಿಸುವುದು ಮಣ್ಣು, ನೀರು, ಬೆಳೆ ಮತ್ತು ಅವುಗಳೊಡನೆ ಬಾಳಿದವರ ನೆನಪು. ವಿಶ್ವೇಶ್ವರಯ್ಯ ನಾಲೆಯ ನೀರಿನಲ್ಲಿ ಭತ್ತ, ಕಬ್ಬು ಬೆಳೆಯುವ ಮದ್ದೂರು ಕಡೆಯವರು ಕಳೆದುಹೋದ ವರ್ಷವೊಂದನ್ನು ನಾಲೆಗೆ ನೀರು ಬಿಟ್ಟದ್ದರಿಂದ ನೆನೆದರೆ, ಬಹುಪಾಲು ಮಳೆಯನ್ನೇ ನಂಬಿ ರಾಗಿ ಬಿತ್ತುವ ನಾಗಮಂಗಲ ಕಡೆಯವರು ಅದೇ ವರ್ಷವನ್ನು ಮಳೆ ಹಿಡಿದದ್ದರಿಂದಲೋ ಕೈಕೊಟ್ಟದ್ದರಿಂದಲೋ ನೆನೆಯುತ್ತಾರೆ. ಇಬ್ಬರೂ ಒಂದೇ ಜಿಲ್ಲೆಯವರು, ಆದರೆ ಒಂದೇ ಸೀಮೆಯವರಲ್ಲ. ‘ಯಾವ್ ಸೀಮೆಯೋರಪ್ಪ ನೀವು?’ ಎಂದು ಹಿರಿಯರು ಕೇಳುವಾಗ ತಿಳಿಯಬಯಸುವುದು ಈ ವ್ಯತ್ಯಾಸವನ್ನು. ತಾಲ್ಲೂಕು, ಹೋಬಳಿ ಹೇಳಿ ಸುಮ್ಮನಾದರೆ ಅವರಿಗೆ ಉತ್ತರ ಸಿಕ್ಕಂತಾಗುವುದಿಲ್ಲ.

ನೆಲವು ಮನುಷ್ಯರ ಗುರುತಿನೊಳಗೆ ಎಷ್ಟು ಆಳಕ್ಕೆ ಇಳಿಯಬಲ್ಲುದೆಂಬುದಕ್ಕೆ ‘ಗಂಗಡಿಕಾರ’ ಎಂಬ ಸಮುದಾಯದ ಹೆಸರನ್ನು ನೋಡಬೇಕು. ಅದರೊಳಗಿರುವುದು ಗಂಗವಾಡಿ. ತಲಕಾಡಿನ ಗಂಗರ ಆಳ್ವಿಕೆ ಮುಗಿದು ಸಾವಿರ ವರ್ಷಗಳಾದರೂ ಆ ನಾಡಿನವರೆಂಬ ಗುರುತು ಅಳಿದಿಲ್ಲ.

ನೆಲವೇ ಕಣ್ಮರೆಯಾದರೂ ಈ ಗುರುತು ನಿಲ್ಲುತ್ತದೆ. 1911ರಲ್ಲಿ ಕೆಲಸ ಆರಂಭವಾದ ಅಣೆಕಟ್ಟೆ ಮೇಲೆದ್ದಂತೆ ಕನ್ನಂಬಾಡಿ ನೀರಿನಡಿ ಸೇರಿತು, ದಾಖಲೆಗಳಲ್ಲಿ ಜಲಾಶಯಕ್ಕೆ ಕೃಷ್ಣರಾಜಸಾಗರವೆಂಬ ಹೆಸರಾಯಿತು. ಊರು ಬಿಟ್ಟವರು ನೆಲೆಸಿದ ಜಾಗ ಹೊಸ ಕನ್ನಂಬಾಡಿಯಾಯಿತು. ಮುಳುಗಿದ್ದ ವೇಣುಗೋಪಾಲಸ್ವಾಮಿ ದೇವಾಲಯದ ಕಲ್ಲುಗಳನ್ನು ಎಷ್ಟೋ ಕಾಲದ ಮೇಲೆ ಅಲ್ಲಿಗೆ ತಂದು ಮರಳಿ ಕಟ್ಟಲಾಯಿತು. ನಾಲೆಯ ಕೊನೆಯಂಚಿನ ರೈತರು, ಹಳೆಯ ಊರನ್ನು ಎಂದೂ ಕಾಣದವರು, ಇಂದಿಗೂ ವಿಚಾರಿಸುವುದು ಕನ್ನಂಬಾಡಿ ಕಟ್ಟೆಯಲ್ಲಿ ಎಷ್ಟು ಅಡಿ ನೀರಿದೆಯೆಂದೇ.