ಹಿಮ ಬಿದ್ದದ್ದು ಬ್ರೆಜಿಲ್‌ನಲ್ಲಿ, ಹೆಸರು ಬಂದದ್ದು ಯಾರಿಗೆ?

ಫೆಬ್ರವರಿಯಲ್ಲಿ ಕೊಡಗಿನ ಯಾವ ಕಾಫಿ ಕಣಕ್ಕೆ ಹೋದರೂ ಒಂದೇ ಮಾತು: "ಈಗ ಕೊಡೋದಾ, ಕಾಯೋದಾ?" ಒಣಗಿದ ರೊಬಸ್ಟಾ ಚೆರ್ರಿಯನ್ನು, ಅಂದರೆ ಆ ತಳಿಯ ಕಾಫಿ ಹಣ್ಣನ್ನು, ಕಿವಿ ಹತ್ತಿರ ಹಿಡಿದು ಅಲ್ಲಾಡಿಸುತ್ತಾರೆ. ಒಳಗೆ ಬೀಜ ಗಲಗಲ ಅಂದರೆ ಹದವಾಗಿದೆ. ಆಮೇಲೆ ಫೋನ್ ತೆಗೆದು 50 ಕೆಜಿ ಮೂಟೆಯ ರೇಟು ನೋಡುತ್ತಾರೆ. "ಮಳೆಗಾಲದ ತನಕ ಇಟ್ಕೊಳ್ಳಿ, ಏರುತ್ತೆ" ಅನ್ನುವವರಿಗಂತೂ ಬರವಿಲ್ಲ.

ಮೊದಲು ಈ ತಲೆನೋವೇ ಇರಲಿಲ್ಲ. 1940ರ ದಶಕದಿಂದ ಕಾಫಿಯನ್ನು ಕಾಫಿ ಮಂಡಳಿಯ ಪೂಲ್‌ಗೆ, ಅಂದರೆ ಎಲ್ಲರದನ್ನೂ ಒಟ್ಟು ಮಾಡಿ ಮಂಡಳಿಯೇ ಮಾರುವ ವ್ಯವಸ್ಥೆಗೆ, ಒಪ್ಪಿಸಬೇಕಿತ್ತು. ದುಡ್ಡು ಕಂತು ಕಂತಾಗಿ ಬರುತ್ತಿತ್ತು. ಅದರ ಮೇಲೆ ಸಿಟ್ಟೂ ಇತ್ತು. 1992ರಿಂದ ಹಿಡಿತ ಸ್ವಲ್ಪ ಸ್ವಲ್ಪವೇ ಸಡಿಲವಾಗಿ, 1996ರ ಹೊತ್ತಿಗೆ ಎಲ್ಲರಿಗೂ ಮುಕ್ತ ಮಾರಾಟ ಸಿಕ್ಕಿತು.

ಸ್ವಾರಸ್ಯ ಇರುವುದು ಇಲ್ಲೇ. 1994ರಲ್ಲಿ ಬ್ರೆಜಿಲ್‌ನ ತೋಟಗಳು ಎರಡು ಸಲ ಹಿಮಕ್ಕೆ ಕರಟಿದವು. ಜಗತ್ತಿನಾದ್ಯಂತ ಬೆಲೆ ಜಿಗಿಯಿತು. ಆದರೆ ನಮ್ಮಲ್ಲಿ ಅದು ಮುಕ್ತ ಮಾರುಕಟ್ಟೆಯ ಖಾತೆಗೆ ಜಮೆಯಾಯಿತು. ಮುಂದೆ ವಿಯೆಟ್ನಾಂನ ಕಾಫಿ ತುಂಬಿ ಹರಿದು, 2001-02ರಲ್ಲಿ ಬೆಲೆ ನೆಲಕಚ್ಚಿತು. ಆಗ ಬಂದ ಉಪದೇಶ ಏನು? ತಾಳ್ಮೆಯಿರಲಿ!

ಬೈಬಲಿನ ಯೋಸೇಫನೂ ಕಾಯಿರಿ ಎಂದವನೇ. ಏಳು ವರ್ಷ ಸಮೃದ್ಧಿ, ಆಮೇಲೆ ಏಳು ವರ್ಷ ಬರ ಎಂದು ಫರೋಹನ ಕನಸಿಗೆ ಅರ್ಥ ಹೇಳಿದ. ಆದರೆ ಅಷ್ಟಕ್ಕೇ ಸುಮ್ಮನಾಗದೆ, ಬೆಳೆಯಲ್ಲಿ ಐದರಲ್ಲೊಂದು ಪಾಲು ಕಣಜಕ್ಕೆ ಹಾಕಿಸಿದ. ಈಗಿನವರದು ಬರೀ ಭವಿಷ್ಯ, ಕಣಜ ಇಲ್ಲ. ಸ್ವಂತ ಗೋಡೌನ್ ಇರುವ ದೊಡ್ಡ ಎಸ್ಟೇಟಿನವರು ಕಾಯಬಹುದು. ಮೂರೆಕರೆಯವನಿಗೆ ಶನಿವಾರ ಕೂಲಿ ಕೊಡಬೇಕು, ಬೆಳೆ ಸಾಲ ಕಟ್ಟಬೇಕು. ಅವನು ಎಲ್ಲಿಂದ ತರೋದು ತಾಳ್ಮೆ?

ಕಾಯಿರಿ ಅನ್ನೋದು ಕಾಫಿಯಲ್ಲಷ್ಟೇ ಅಲ್ಲ. ರಾಜಕೀಯದಲ್ಲೂ "ನಾಳೆ ಒಳ್ಳೇದಾಗುತ್ತೆ" ಎಂದು ಜೋರಾಗಿ ಕೂಗಲು ದುಡ್ಡು ಬೇಕು, ಅಲ್ವಾ? ಪಕ್ಷಗಳಿಗೆ ಕಂಪನಿಗಳ ದೇಣಿಗೆ 1969ರಲ್ಲಿ ನಿಂತಿತು, 1985ರಲ್ಲಿ ಮರಳಿತು. ಮೂರು ವರ್ಷದ ಸರಾಸರಿ ಲಾಭದ 7.5% ಮೀರಬಾರದೆಂಬ ಮಿತಿ 2017ರಲ್ಲಿ ಹೋಯಿತು. 2018ರಲ್ಲಿ ಚುನಾವಣಾ ಬಾಂಡ್ ಬಂದು, ಕೊಟ್ಟವರ ಹೆಸರು ಮತದಾರನಿಗೆ ಕಾಣದಂತಾಯಿತು. 2024ರ ಫೆಬ್ರವರಿ 15ರಂದು ಸುಪ್ರೀಂ ಕೋರ್ಟ್ ಮಿತಿ ತೆಗೆದದ್ದನ್ನೂ ಬಾಂಡನ್ನೂ ರದ್ದು ಮಾಡಿತು. ಆದರೂ ನಮ್ಮ ಕ್ಷೇತ್ರದ ಅಭ್ಯರ್ಥಿಗೆ ವಿಧಾನಸಭೆ ಚುನಾವಣೆಯಲ್ಲಿ 40 ಲಕ್ಷದ ಮಿತಿ, ಅವನ ಪಕ್ಷದ ಖರ್ಚಿಗೆ ಮಿತಿಯೇ ಇಲ್ಲ.

2024ರಲ್ಲಿ ವಿಯೆಟ್ನಾಂ ಒಣಗಿತು, ರೊಬಸ್ಟಾ ದಾಖಲೆ ಬೆಲೆ ಕಂಡಿತು. ಆ ಏರಿಕೆ ಯಾರ ಸಾಧನೆಯಾಗಿ ಯಾರ ಫ್ಲೆಕ್ಸ್ ಮೇಲೆ ಬರುತ್ತೋ ನೋಡಬೇಕು.