ಮಂಜೇಶ್ವರದ ಶಾಸಕರು: ಗೆಲುವಿನ ಲೆಕ್ಕ ಬೇರೆ, ಸದನದ ಲೆಕ್ಕ ಬೇರೆ

ಕೇರಳದ ಗಡಿನಾಡಾದ ಮಂಜೇಶ್ವರದ ಶಾಸಕರೊಬ್ಬರ ಬಗ್ಗೆ ಪ್ರಾಜೆಕ್ಟ್ ಬರೆಯಲು ಕೂತವರು ಹೆಚ್ಚಾಗಿ ಮೊದಲ ಪುಟದಲ್ಲೇ ಎಡವುತ್ತಾರೆ. "ಮೂರು ಸಲ ಗೆದ್ದರು, ಅಂದರೆ ಹದಿನೈದು ವರ್ಷ ಶಾಸಕರಾಗಿದ್ದರು" ಎಂದು ಬರೆದುಬಿಡುತ್ತಾರೆ. ಐದರ ಮಗ್ಗಿ ಕೇರಳದಲ್ಲಿ, ಅದರಲ್ಲೂ 1987ರ ಮೊದಲು, ನಡೆಯುವುದಿಲ್ಲ. ಸಂವಿಧಾನದ 172ನೇ ವಿಧಿ ಹೇಳುವ ಐದು ವರ್ಷ ಗರಿಷ್ಠ ಅವಧಿಯೇ ಹೊರತು ಖಾತ್ರಿ ಅವಧಿಯಲ್ಲ.

ಆದ್ದರಿಂದ ವ್ಯಕ್ತಿಯ ಜೀವನಕ್ಕೆ ಕೈಹಾಕುವ ಮೊದಲು ವಿಧಾನಸಭೆಗಳ ಆಯುಸ್ಸು ಬರೆದಿಟ್ಟುಕೊಳ್ಳಿ. ಮೊದಲನೆಯದು 1957ರ ಮಾರ್ಚ್‌ನಿಂದ 1959ರ ಜುಲೈ 31ರವರೆಗೆ. ಎರಡನೆಯದು 1960ರ ಫೆಬ್ರವರಿಯಿಂದ 1964ರ ಸೆಪ್ಟೆಂಬರ್‌ವರೆಗೆ. ಮೂರನೆಯದು 1967ರ ಮಾರ್ಚ್‌ನಿಂದ 1970ರ ಜೂನ್‌ವರೆಗೆ. ನಾಲ್ಕನೆಯದು 1970ರ ಅಕ್ಟೋಬರ್‌ನಿಂದ 1977ರ ಮಾರ್ಚ್‌ವರೆಗೆ ಎಳೆಯಿತು. ತುರ್ತುಪರಿಸ್ಥಿತಿಯಲ್ಲಿ ಅದರ ಅವಧಿ ವಿಸ್ತರಿಸಿದ್ದೇ ಕಾರಣ. ಐದನೆಯದು 1979ರ ನವೆಂಬರ್‌ಗೆ ಮುಗಿಯಿತು. ಆರನೆಯದು 1980ರ ಜನವರಿಯಿಂದ 1982ರ ಮಾರ್ಚ್‌ವರೆಗೆ, ಏಳನೆಯದು 1982ರ ಮೇಯಿಂದ 1987ರ ಮಾರ್ಚ್‌ವರೆಗೆ.

ಈ ಪಟ್ಟಿಯಲ್ಲಿ 1965 ಇಲ್ಲ. ಆ ವರ್ಷ ಚುನಾವಣೆ ನಡೆಯಿತು, ಗೆದ್ದವರ ಹೆಸರೂ ಪ್ರಕಟವಾಯಿತು, ಆದರೆ ಯಾರಿಗೂ ಬಹುಮತ ಬರದೆ ಸಭೆ ಒಂದು ದಿನವೂ ಸೇರದೆ ವಿಸರ್ಜನೆಯಾಯಿತು. ಹಾಗಾಗಿ ಚುನಾವಣೆಗಳ ಎಣಿಕೆಯಲ್ಲಿ 1965 ಮೂರನೆಯದು, ವಿಧಾನಸಭೆಗಳ ಎಣಿಕೆಯಲ್ಲಿ ಅದಕ್ಕೆ ಕ್ರಮಸಂಖ್ಯೆಯೇ ಇಲ್ಲ. ಇದು ಗೊತ್ತಿಲ್ಲದೆ 1967ರ ಸಭೆಯನ್ನು ನಾಲ್ಕನೆಯದೆಂದು ಬರೆದರೆ ಮುಂದಿನ ಸಂಖ್ಯೆಗಳೆಲ್ಲ ಒಂದೊಂದು ಮೆಟ್ಟಿಲು ಜಾರುತ್ತವೆ. ಪರೀಕ್ಷೆಯಲ್ಲಿ ಅಂಕ ಹೋಗುವುದೂ ಇಲ್ಲೇ.

ಈಗ ಇಬ್ಬರನ್ನು ಪಕ್ಕಪಕ್ಕ ಇಟ್ಟು ನೋಡಿ. ಕಳ್ಳಿಗೆ ಮಹಾಬಲ ಭಂಡಾರಿಯವರು ಮಂಜೇಶ್ವರದಿಂದ 1960, 1965, 1967ರಲ್ಲಿ ಗೆದ್ದರು. ಸದನದ ಲೆಕ್ಕ: ನಾಲ್ಕೂವರೆ ವರ್ಷ, ಸೊನ್ನೆ, ಮೂರು ವರ್ಷ ಮೂರು ತಿಂಗಳು ಚಿಲ್ಲರೆ. ಒಟ್ಟು ಎಂಟು ವರ್ಷವೂ ತುಂಬುವುದಿಲ್ಲ. ಅವರ ನಂತರ ಸಿಪಿಐಯಿಂದ ಬಂದ ಎಂ. ರಾಮಪ್ಪ 1970 ಮತ್ತು 1977ರಲ್ಲಿ, ಎರಡೇ ಸಲ ಗೆದ್ದವರು. ಆದರೆ ಆರೂವರೆ ವರ್ಷಕ್ಕೆ ಹತ್ತಿರದ ಒಂದು ಅವಧಿ, ಎರಡು ವರ್ಷ ಎಂಟು ತಿಂಗಳಿನ ಇನ್ನೊಂದು, ಕೂಡಿಸಿದರೆ ಒಂಬತ್ತು ದಾಟುತ್ತದೆ. ಮೂರು ಗೆಲುವಿಗಿಂತ ಎರಡು ಗೆಲುವು ದೊಡ್ಡದಾಯಿತು. ಟಿಪ್ಪಣಿಯಲ್ಲಿ "ಎಷ್ಟು ಸಲ" ಮತ್ತು "ಎಷ್ಟು ಕಾಲ" ಎಂದು ಎರಡು ಕಲಂ ಬೇಕೇ ಬೇಕು. ಮೊದಲನೆಯದು ಮತದಾರರ ಮಾತು, ಎರಡನೆಯದು ತಿರುವನಂತಪುರದ ರಾಜಕೀಯದ ಮಾತು.

ಇವರಿಬ್ಬರಿಗೂ ಮೊದಲಿನವರು ಎಂ. ಉಮೇಶ ರಾವ್. 1957ರಲ್ಲಿ ಮಂಜೇಶ್ವರದಿಂದ ಅವಿರೋಧವಾಗಿ ಆಯ್ಕೆಯಾದ ಪಕ್ಷೇತರರು. ಅಂಕಿಅಂಶದ ಪುಸ್ತಕದಲ್ಲಿ ಅವರಿಗೆ ಬಿದ್ದ ಮತ ಹುಡುಕಿದರೆ ಸಿಗುವುದಿಲ್ಲ. ಕೆಲವರು ಇದನ್ನು "ದಾಖಲೆ ಕಳೆದುಹೋಗಿದೆ" ಎಂದು ಬರೆಯುವುದುಂಟು. ಕಳೆದದ್ದೇನೂ ಇಲ್ಲ. ನಾಮಪತ್ರ ಹಿಂತೆಗೆಯುವ ಗಡುವು ಮುಗಿದಾಗ ಒಂದು ಸೀಟಿಗೆ ಒಬ್ಬರೇ ಉಳಿದರೆ ಚುನಾವಣಾಧಿಕಾರಿ ಕೂಡಲೇ ಅವರನ್ನು ಆಯ್ಕೆಯಾದವರೆಂದು ಘೋಷಿಸಬೇಕು ಎನ್ನುತ್ತದೆ 1951ರ ಜನಪ್ರಾತಿನಿಧ್ಯ ಕಾಯ್ದೆಯ 53ನೇ ಸೆಕ್ಷನ್. ಮತದಾನವೇ ಇಲ್ಲದ ಮೇಲೆ ಮತ ಎಲ್ಲಿಂದ? ಆ ಜಾಗದಲ್ಲಿ ಸೊನ್ನೆ ಹಾಕುವುದೂ ತಪ್ಪು, "ಅವಿರೋಧ" ಎಂದೇ ಬರೆಯಬೇಕು.

"ಪಕ್ಷೇತರ" ಎಂಬ ಹಣೆಪಟ್ಟಿಯಲ್ಲೂ ಒಂದು ಗುಂಡಿಯಿದೆ. ಭಂಡಾರಿಯವರು ಕರ್ನಾಟಕ ಸಮಿತಿಯವರು. ಕಾಸರಗೋಡು ಕನ್ನಡನಾಡಿಗೆ ಸೇರಬೇಕೆಂಬ ಬೇಡಿಕೆಯೇ ಆ ಸಮಿತಿಯ ಬೆನ್ನೆಲುಬು. ಆದರೆ ಅಧಿಕೃತ ಫಲಿತಾಂಶದ ಪಟ್ಟಿಯಲ್ಲಿ ಅವರ ಹೆಸರಿನ ಮುಂದೆ ಇರುವುದು ಪಕ್ಷೇತರ ಎಂದು. ಬರೀ ಪಟ್ಟಿ ನೋಡಿದವರಿಗೆ ಯಾವ ಸಂಘಟನೆಯೂ ಇಲ್ಲದೆ ಸ್ವಂತ ವರ್ಚಸ್ಸಿನಿಂದ ಗೆದ್ದಂತೆ ಕಾಣುತ್ತದೆ. ಚಂದ್ರಗಿರಿ ಹೊಳೆಯ ಉತ್ತರದ ಭಾಗ ಮೈಸೂರು ರಾಜ್ಯಕ್ಕೆ ಸೇರಲಿ ಎಂದು ಮಹಾಜನ ಆಯೋಗ 1967ರಲ್ಲಿ ಶಿಫಾರಸು ಮಾಡಿದಾಗ ಮಂಜೇಶ್ವರದ ಶಾಸಕರು ಇವರೇ. ಶಿಫಾರಸು ಜಾರಿಯಾಗಲಿಲ್ಲ, ಮುಂದಿನ ಚುನಾವಣೆಯಲ್ಲಿ ಸೀಟು ಸಿಪಿಐಗೆ ಹೋಯಿತು. ಒಂದರಿಂದಲೇ ಇನ್ನೊಂದಾಯಿತು ಎಂದು ಬರೆಯುವ ಆಸೆಯಾಗುತ್ತದೆ, ಆದರೆ ಎರಡು ಘಟನೆಗಳು ಒಂದರ ಹಿಂದೊಂದು ನಡೆದವು ಎಂಬಷ್ಟಕ್ಕೆ ಅದು ಪುರಾವೆಯಾಗುವುದಿಲ್ಲ.

ದಾಖಲೆ ಎಲ್ಲಿ ಹುಡುಕಬೇಕು ಎಂಬುದಕ್ಕೆ ಸಣ್ಣ ಸೂಚನೆ. 1956ರ ನವೆಂಬರ್ 1ರ ಮೊದಲು ಕಾಸರಗೋಡು ಮದ್ರಾಸ್ ರಾಜ್ಯದ ದಕ್ಷಿಣ ಕನ್ನಡ ಜಿಲ್ಲೆಯ ತಾಲೂಕು. ಕಾಸರಗೋಡು ಜಿಲ್ಲೆ ಹುಟ್ಟಿದ್ದು 1984ರ ಮೇ 24ರಂದು. ನಡುವಿನ ಕಾಲದ ಜಿಲ್ಲಾ ಮಟ್ಟದ ಕಾಗದಗಳು ಹೆಚ್ಚಾಗಿ ಕಣ್ಣೂರು ಜಿಲ್ಲೆಯ ಹೆಸರಿನಲ್ಲಿವೆ. ಕಾಸರಗೋಡು ಎಂದು ಹುಡುಕಿ "ಏನೂ ಸಿಗಲಿಲ್ಲ" ಎನ್ನುವವರು ಇದನ್ನು ಮರೆತಿರುತ್ತಾರೆ.

ಹೆಸರಿನ ಕಾಗುಣಿತವೂ ಕಾಡುತ್ತದೆ. ಕನ್ನಡದ "ಭಂಡಾರಿ" ಇಂಗ್ಲಿಷ್ ಪಟ್ಟಿಗಳಲ್ಲಿ ಒಮ್ಮೆ ಐ ಅಕ್ಷರದಿಂದ, ಒಮ್ಮೆ ವೈ ಅಕ್ಷರದಿಂದ ಕೊನೆಯಾಗುತ್ತದೆ. "ಕಳ್ಳಿಗೆ" ಕೆಲವೆಡೆ ಬರೀ "ಕೆ." ಆಗಿರುತ್ತದೆ. 1987ರಿಂದ ಇಲ್ಲಿನ ಶಾಸಕರಾಗಿದ್ದ ಚೆರ್ಕಳಂ ಅಬ್ದುಲ್ಲ ಅವರ ಹೆಸರಿನಲ್ಲಿರುವ ಚೆರ್ಕಳ ಮಂಜೇಶ್ವರ ಕ್ಷೇತ್ರದಲ್ಲಿಲ್ಲ, ಚೆಂಗಳ ಪಂಚಾಯತಿನಲ್ಲಿದೆ. ಹೆಸರಿನ ಊರನ್ನು ಕ್ಷೇತ್ರದ ಊರೆಂದು ತಿಳಿಯಬಾರದು. ಇಂದಿನ ಮಂಜೇಶ್ವರ ಕ್ಷೇತ್ರದಲ್ಲಿರುವುದು ಮಂಜೇಶ್ವರ, ವರ್ಕಾಡಿ, ಮೀಂಜ, ಪೈವಳಿಕೆ, ಮಂಗಲ್ಪಾಡಿ, ಕುಂಬಳೆ, ಪುತ್ತಿಗೆ, ಎಣ್ಮಕಜೆ ಎಂಬ ಎಂಟು ಪಂಚಾಯತುಗಳು.

ಅಬ್ದುಲ್ಲ ಅವರ ವೃತ್ತಾಂತ ಕಲಿಯುವವರಿಗೆ ಒಳ್ಳೆಯ ಮಾದರಿ. ಮುಸ್ಲಿಂ ಲೀಗಿನಿಂದ 1987, 1991, 1996, 2001, ಸತತ ನಾಲ್ಕು ಗೆಲುವು. 1991ರಲ್ಲಿ ಸಭೆ ಅವಧಿಗೆ ಮೊದಲೇ ವಿಸರ್ಜನೆಯಾದ್ದರಿಂದ ಇಲ್ಲೂ ಇಪ್ಪತ್ತು ತುಂಬುವುದಿಲ್ಲ, ಸುಮಾರು ಹತ್ತೊಂಬತ್ತು. 2001ರಿಂದ 2004ರವರೆಗೆ ಎ. ಕೆ. ಆಂಟನಿ ಸಂಪುಟದಲ್ಲಿ ಸ್ಥಳೀಯಾಡಳಿತ ಸಚಿವರು. 2006ರಲ್ಲಿ ಸಿಪಿಎಂನ ಸಿ. ಎಚ್. ಕುಂಞಂಬು ಎದುರು ಸೋತರು.

ಸಚಿವರಾದ ಶಾಸಕರ ಕೆಲಸ ಅಳೆಯುವಾಗ ಒಂದು ಎಚ್ಚರಿಕೆ. ಸದನದಲ್ಲಿ ಎಷ್ಟು ಪ್ರಶ್ನೆ ಕೇಳಿದರು ಎಂಬ ಎಣಿಕೆ ಎಲ್ಲರಿಗೂ ಇಷ್ಟ. ಚುಕ್ಕೆ ಗುರುತಿನ ಪ್ರಶ್ನೆಗೆ ಸಚಿವರು ಸದನದಲ್ಲೇ ಬಾಯಿಮಾತಿನ ಉತ್ತರ ಕೊಡುತ್ತಾರೆ, ಅದರ ಬೆನ್ನಿಗೆ ಉಪಪ್ರಶ್ನೆ ಕೇಳಬಹುದು. ಚುಕ್ಕೆ ಗುರುತಿಲ್ಲದ್ದಕ್ಕೆ ಲಿಖಿತ ಉತ್ತರ ಮಾತ್ರ. ಆದರೆ ಸಚಿವರಾದವರು ಕೇಳುವವರಲ್ಲ, ಉತ್ತರಿಸುವವರು. ಅವರ ಪ್ರಶ್ನೆಗಳ ಪಟ್ಟಿ ಆ ವರ್ಷಗಳಲ್ಲಿ ಖಾಲಿ ಇರುವುದು ಸಹಜ. ಅದನ್ನು ನೋಡಿ "ಮೌನಿ" ಎಂದು ಷರಾ ಬರೆದರೆ ಓದಿದವರು ನಗುತ್ತಾರೆ. 1980 ಮತ್ತು 1982ರಲ್ಲಿ ಗೆದ್ದ ಸಿಪಿಐನ ಡಾ. ಎ. ಸುಬ್ಬರಾವ್ ಮೊದಲ ನಾಯನಾರ್ ಸಂಪುಟದಲ್ಲಿ, 1981ರ ಅಕ್ಟೋಬರ್‌ವರೆಗೆ, ನೀರಾವರಿ ಸಚಿವರಾಗಿದ್ದರು. ಅವರ ಆ ಅವಧಿಗೂ ಇದೇ ಮಾತು. ಸಚಿವರ ಕೆಲಸ ಹುಡುಕಬೇಕಾದದ್ದು ಉತ್ತರಗಳಲ್ಲಿ, ಇಲಾಖೆಯ ಅನುದಾನದ ಬೇಡಿಕೆಗಳ ಮೇಲಿನ ಚರ್ಚೆಯಲ್ಲಿ.

ಇನ್ನು 2016. ಲೀಗಿನ ಪಿ. ಬಿ. ಅಬ್ದುಲ್ ರಝಾಕ್ 56,870 ಮತ, ಬಿಜೆಪಿಯ ಕೆ. ಸುರೇಂದ್ರನ್ 56,781. ಅಂತರ 89. ಸೋತವರು ಹೈಕೋರ್ಟಿಗೆ ಹೋದರು. ಫಲಿತಾಂಶ ಘೋಷಣೆಯಾದ 45 ದಿನಗಳೊಳಗೆ ಚುನಾವಣಾ ತಕರಾರು ಅರ್ಜಿ ಹಾಕಬಹುದು. ಅರ್ಜಿ ವಿಚಾರಣೆಯಲ್ಲಿದ್ದಾಗಲೇ, 2018ರ ಅಕ್ಟೋಬರ್ 20ರಂದು, ರಝಾಕ್ ತೀರಿಕೊಂಡರು. ತೆರವಾದ ಸೀಟಿಗೆ ಆರು ತಿಂಗಳಲ್ಲಿ ಉಪಚುನಾವಣೆ ಎಂಬುದು ಅದೇ ಜನಪ್ರಾತಿನಿಧ್ಯ ಕಾಯ್ದೆಯ 151ಎ ಸೆಕ್ಷನ್ನಿನ ನಿಯಮ. ಇಲ್ಲಿ ಮತದಾನ ನಡೆದದ್ದು 2019ರ ಅಕ್ಟೋಬರ್ 21ರಂದು, ಒಂದು ವರ್ಷ ಕಳೆದ ಮೇಲೆ. ಸೋತವರನ್ನೇ ಗೆದ್ದವರೆಂದು ಕೋರ್ಟು ಘೋಷಿಸುವ ಸಾಧ್ಯತೆ ಬಾಕಿಯಿರುವಾಗ ಉಪಚುನಾವಣೆ ನಡೆಸಿದರೆ ಒಂದು ಸೀಟಿಗೆ ಇಬ್ಬರು ಶಾಸಕರಾಗುವ ಪೇಚು. 2019ರಲ್ಲಿ ಅರ್ಜಿ ವಾಪಸಾದ ಮೇಲೆ ದಾರಿ ತೆರೆಯಿತು. ಎಂ. ಸಿ. ಕಮರುದ್ದೀನ್ 7,923 ಮತಗಳ ಅಂತರದಿಂದ ಗೆದ್ದರು. ಉಪಚುನಾವಣೆಯಲ್ಲಿ ಬಂದವರಿಗೆ ಹೊಸ ಐದು ವರ್ಷ ಸಿಗುವುದಿಲ್ಲ, ಸಭೆಯ ಉಳಿದ ಅವಧಿ ಮಾತ್ರ. ಅವರ ಪಾಲಿಗೆ ಬಂದದ್ದು ಒಂದೂವರೆ ವರ್ಷ. ಟಿಪ್ಪಣಿಯಲ್ಲಿ ಹದಿನಾಲ್ಕನೇ ಸಭೆಯ ಎದುರು ಎರಡು ಹೆಸರು, ನಡುವೆ ಒಂದು ವರ್ಷದ ಖಾಲಿ ಜಾಗ ತೋರಿಸಿ.

2021ರಲ್ಲಿ ಎ. ಕೆ. ಎಂ. ಅಶ್ರಫ್ 745 ಮತಗಳಿಂದ ಅದೇ ಸುರೇಂದ್ರನ್ ಅವರನ್ನು ಸೋಲಿಸಿ, ಕನ್ನಡದಲ್ಲಿ ಪ್ರಮಾಣವಚನ ಸ್ವೀಕರಿಸಿದರು. ಇದನ್ನು ಉಲ್ಲೇಖಿಸುವಾಗ ವಿಧಿಗಳನ್ನು ಕಲಸಬೇಡಿ. ಪ್ರಮಾಣದ ಕರ್ತವ್ಯ 188ನೇ ವಿಧಿಯದು, ಅದರ ಒಕ್ಕಣೆ ಮೂರನೇ ಅನುಸೂಚಿಯಲ್ಲಿದೆ. ಸದನದ ಭಾಷೆ 210ನೇ ವಿಧಿಯ ವಿಷಯ: ಕಲಾಪದ ಭಾಷೆಗಳಲ್ಲಿ ಸರಿಯಾಗಿ ಹೇಳಿಕೊಳ್ಳಲಾಗದ ಸದಸ್ಯರಿಗೆ ಮಾತೃಭಾಷೆಯಲ್ಲಿ ಮಾತನಾಡಲು ಸ್ಪೀಕರ್ ಅನುಮತಿ ಕೊಡಬಹುದು. ಅದು "ಕೊಡಬಹುದು", "ಕೊಡಬೇಕು" ಅಲ್ಲ. ಈ ಎರಡು ಪದಗಳ ನಡುವಿನ ವ್ಯತ್ಯಾಸಕ್ಕೇ ಎರಡು ಅಂಕವಿರುತ್ತದೆ.