ಚಳಿಗಾಲದ ಪ್ರೊಪೇನ್ ಲೆಕ್ಕ: ಫರ್ನೇಸಿನ ಫಲಕಕ್ಕಿಂತ ಹಳೆಯ ಬಿಲ್ಲು ಮೇಲು

ಮನೆಯನ್ನು ಬೆಚ್ಚಗಿಡಲು ಒಂದು ಚಳಿಗಾಲಕ್ಕೆ ಎಷ್ಟು ಪ್ರೊಪೇನ್ (ಟ್ಯಾಂಕಿನಲ್ಲಿ ದ್ರವವಾಗಿ ತುಂಬಿಡುವ, ಅಡುಗೆ ಅನಿಲದಂಥ ಇಂಧನ) ಬೇಕಾದೀತು ಎಂದು ಕೇಳುವವರಲ್ಲಿ ಹಲವರು ಫರ್ನೇಸಿನ, ಅಂದರೆ ಇಂಧನ ಉರಿಸಿ ಮನೆಯನ್ನು ಬಿಸಿಮಾಡುವ ಯಂತ್ರದ, ಫಲಕದಲ್ಲಿರುವ ಸಾಮರ್ಥ್ಯವನ್ನು ದಿನದ ಗಂಟೆಗಳಿಂದ ಗುಣಿಸಿಕೊಂಡೇ ಬಂದಿರುತ್ತಾರೆ, ಬಂದ ಅಂಕಿಯನ್ನು ನೋಡಿ ಗಾಬರಿಯನ್ನೂ ಪಟ್ಟಿರುತ್ತಾರೆ. ಫಲಕ ಹೇಳುವುದು ಪೂರ್ಣವಾಗಿ ಉರಿಯುವಾಗಿನ ಗರಿಷ್ಠ ಬಳಕೆಯನ್ನು ಮಾತ್ರ. ಕಡು ಚಳಿಯ ಕೆಲವು ರಾತ್ರಿಗಳನ್ನು ಬಿಟ್ಟರೆ ಫರ್ನೇಸ್ ಆಗಾಗ ಹೊತ್ತಿಕೊಂಡು ಆರುತ್ತಿರುತ್ತದೆ. ಅಗತ್ಯಕ್ಕಿಂತ ದೊಡ್ಡದನ್ನು ಕೂರಿಸಿದ ಮನೆಗಳೂ ಕಡಿಮೆಯೇನಿಲ್ಲ. ಆದ್ದರಿಂದ ನಾನು ಮೊದಲು ಕೇಳುವುದು ಹಿಂದಿನ ಬಿಲ್ಲುಗಳನ್ನು.

ಬಿಲ್ಲಿನ ಲೀಟರುಗಳಿಗೆ ಅರ್ಥ ಬರುವುದು ಅವುಗಳನ್ನು ಡಿಗ್ರಿ-ದಿನಗಳ ಪಕ್ಕದಲ್ಲಿಟ್ಟಾಗ. ಹೊರಗಿನ ದಿನದ ಸರಾಸರಿ ತಾಪಮಾನ 18 ಡಿಗ್ರಿ ಸೆಲ್ಸಿಯಸ್‌ಗಿಂತ ಎಷ್ಟು ಕಡಿಮೆಯೋ ಅಷ್ಟು ಆ ದಿನದ ಡಿಗ್ರಿ-ದಿನ: ಸರಾಸರಿ 3 ಡಿಗ್ರಿ ಇದ್ದರೆ 15. ಬ್ರಿಟನ್ನಿನಲ್ಲಿ 15.5 ಡಿಗ್ರಿಯಿಂದ ಎಣಿಸುವ ರೂಢಿಯಿದೆ. ಯಾವುದನ್ನು ಹಿಡಿದರೂ ಲೆಕ್ಕದ ಕೊನೆಯವರೆಗೆ ಅದನ್ನೇ ಹಿಡಿಯಬೇಕು. ಎರಡು ಭರ್ತಿಗಳ ನಡುವಿನ 60 ದಿನಗಳಲ್ಲಿ 430 ಲೀಟರ್ ಖರ್ಚಾಗಿ, ಆ ಅವಧಿಯಲ್ಲಿ 1,000 ಡಿಗ್ರಿ-ದಿನಗಳು ಕೂಡಿವೆ ಎನ್ನೋಣ. ಸ್ನಾನದ ನೀರು ಮತ್ತು ಅಡುಗೆಗೆ ದಿನಕ್ಕೆ ಒಂದೂವರೆ ಲೀಟರಿನಂತೆ 90 ಲೀಟರ್ ಕಳೆದರೆ ಉಳಿಯುವುದು 340, ಅಂದರೆ ಪ್ರತಿ ಡಿಗ್ರಿ-ದಿನಕ್ಕೆ 0.34 ಲೀಟರ್. 180 ದಿನಗಳ, 2,500 ಡಿಗ್ರಿ-ದಿನಗಳ ಚಳಿಗಾಲಕ್ಕೆ ಇದೇ ಮನೆಗೆ ಬೇಕಾಗುವುದು 850 ಲೀಟರ್. ನೀರು, ಅಡುಗೆಯ 270 ಸೇರಿದರೆ 1,120. ನೀರು ಮತ್ತು ಅಡುಗೆಯ ಪಾಲನ್ನು ಬೇರ್ಪಡಿಸದೆ ಲೆಕ್ಕ ಹಾಕಿದವರ ಅಂದಾಜು ಬೆಚ್ಚನೆಯ ವರ್ಷದಲ್ಲಿ ಕಡಿಮೆಯಾಗಿಯೂ ಚಳಿ ಹೆಚ್ಚಿದ ವರ್ಷದಲ್ಲಿ ಅತಿಯಾಗಿಯೂ ಬರುತ್ತದೆ. ಈ ಪಾಲು ಎಷ್ಟೆಂದು ಬೇಸಿಗೆಯ ಬಿಲ್ಲೇ ಹೇಳುತ್ತದೆ.

ಟ್ಯಾಂಕಿನ ಮಾಪಕವನ್ನು ಅತಿಯಾಗಿ ನಂಬಬಾರದು. ಬಿಸಿಯೇರಿದಾಗ ದ್ರವ ಹಿಗ್ಗಲು ಜಾಗ ಬೇಕಾದ್ದರಿಂದ ಟ್ಯಾಂಕನ್ನು ಸಾಮಾನ್ಯವಾಗಿ ಶೇ. 80ರವರೆಗೆ ಮಾತ್ರ ತುಂಬುತ್ತಾರೆ. ಅದಲ್ಲದೆ ತಾಪಮಾನ 10 ಡಿಗ್ರಿ ಇಳಿದರೆ, ಒಂದು ಹನಿಯೂ ಖರ್ಚಾಗದಿದ್ದರೂ, ದ್ರವ ಸುಮಾರು ಶೇ. 3ರಷ್ಟು ಕುಗ್ಗುತ್ತದೆ.

ಇನ್ನು ವೆಚ್ಚ. ಒಂದು ಲೀಟರ್ ದ್ರವ ಪ್ರೊಪೇನಿನಲ್ಲಿ ಸುಮಾರು 7.1 ಯೂನಿಟ್ ಶಕ್ತಿಯಿದೆ. ವಿದ್ಯುತ್ ಬಿಲ್ಲಿನ ಯೂನಿಟ್ ಇದೇ. ಶೇ. 80 ದಕ್ಷತೆಯ ಹಳೆಯ ಫರ್ನೇಸಿನಿಂದ ಇದರಲ್ಲಿ 5.7 ಯೂನಿಟ್ ಶಾಖ ಮನೆಗೆ ದಕ್ಕಿದರೆ, ಹೊಗೆಯ ಆವಿಯನ್ನು ನೀರಾಗಿಸಿ ಅದರ ಶಾಖವನ್ನೂ ಹಿಡಿಯುವ ಶೇ. 95ರ ಮಾದರಿಯಿಂದ 6.7 ದಕ್ಕುತ್ತದೆ. ಕೆಲವು ದೇಶಗಳ ಕೈಪಿಡಿಗಳಲ್ಲಿ ಶೇ. 100 ಮೀರಿದ ದಕ್ಷತೆಯೂ ಕಾಣಿಸುತ್ತದೆ; ಅದು ಪವಾಡವಲ್ಲ, ಆವಿಯಲ್ಲಿರುವ ಶಾಖವನ್ನು ಇಂಧನದ ಲೆಕ್ಕಕ್ಕೆ ಸೇರಿಸದೆ ಭಾಗಿಸಿದ್ದರ ಫಲ. 7.1ರಲ್ಲಿ ಆ ಶಾಖವೂ ಸೇರಿರುವುದರಿಂದ ಅಂಥ ಅಂಕಿಯನ್ನು ಅದಕ್ಕೆ ಗುಣಿಸುವಂತಿಲ್ಲ.

ಲೀಟರಿನ ಬೆಲೆಯನ್ನು 5.7 ಅಥವಾ 6.7ರಿಂದ ಭಾಗಿಸಿದರೆ ಒಂದು ಯೂನಿಟ್ ಶಾಖದ ಇಂಧನ ವೆಚ್ಚ ಸಿಗುತ್ತದೆ. ಒಂದು ಯೂನಿಟ್ ವಿದ್ಯುತ್ತಿಗೆ ಸರಾಸರಿ 3 ಯೂನಿಟ್ ಶಾಖ ಕೊಡುವ ಹೀಟ್ ಪಂಪಿನೊಂದಿಗೆ (ಹೊರಗಿನ ಶಾಖವನ್ನು ವಿದ್ಯುತ್ತಿನ ನೆರವಿನಿಂದ ಮನೆಯೊಳಗೆ ಸಾಗಿಸುವ ಯಂತ್ರ) ಹೋಲಿಸುವುದಾದರೆ, ಲೀಟರ್ ಪ್ರೊಪೇನಿನ ಬೆಲೆ ಯೂನಿಟ್ ವಿದ್ಯುತ್ತಿನ ಬೆಲೆಯ 2.2 ಪಟ್ಟು ದಾಟಿದಾಗ ಒಳ್ಳೆಯ ಫರ್ನೇಸೂ ದುಬಾರಿಯಾಗುತ್ತದೆ. ಟ್ಯಾಂಕಿನ ಬಾಡಿಗೆ ಮತ್ತು ಸಾಗಣೆ ಶುಲ್ಕವನ್ನು ವರ್ಷದ ಒಟ್ಟು ಲೀಟರುಗಳ ಮೇಲೆ ಹಂಚಿ ಬೆಲೆಗೆ ಸೇರಿಸಿಕೊಂಡ ಮೇಲಷ್ಟೇ ಈ ಹೋಲಿಕೆ ನಿಲ್ಲುತ್ತದೆ. ಕಡಿಮೆ ಬಳಸುವ ಮನೆಯಲ್ಲಿ ಈ ಶುಲ್ಕಗಳೇ ಲೆಕ್ಕವನ್ನು ತಿರುಗಿಸಿಬಿಡಬಹುದು.